ಅಸಲು, ನಕಲು ಮತ್ತು ಒಂದು ಪಿಸ್ತೂಲು

ನನ್ನ ಸೋದರಮಾವನವರ ಮನೆಯ ನಡುಮನೆಯಲ್ಲಿ ಒಂದು ಗಾಜಿನ ಪೆಟ್ಟಿಗೆ ಇದೆ. ಅದರೊಳಗೆ ಹಸಿರು ಮಖಮಲ್ಲಿನ ಮೇಲೆ ಒಂದು ಪಿಸ್ತೂಲು. ಹಿತ್ತಾಳೆಯ ಹಿಡಿ, ಹಿಡಿಯ ತುದಿಗೆ ಹುಲಿಯ ಮುಖ, ನಳಿಗೆಯ ಮೇಲೆ ಪಾರಸಿಯಂತೆ ಕಾಣುವ ಬರಹ. 1999ರಲ್ಲಿ, ಟಿಪ್ಪು ಸುಲ್ತಾನರು ಮಡಿದು ಇನ್ನೂರು ವರ್ಷ ತುಂಬಿದಾಗ, ಮಾಮೂ ಇದನ್ನು ದೊಡ್ಡ ಊರೊಂದರ ಹಳೆಯ ಸಾಮಾನಿನ ಅಂಗಡಿಯಲ್ಲಿ ಕೊಂಡು ತಂದರು. "ಇದು ಸುಲ್ತಾನರ ಕೋಟೆಯಿಂದ ಬಂದದ್ದು" ಎಂದು ಅಂಗಡಿಯವನು ಹೇಳಿದ್ದನಂತೆ. ಅವರ ಆಗಿನ ಮೂರು ತಿಂಗಳ ಸಂಬಳ ಅದಕ್ಕೆ ಹೋಯಿತು. ಮುಮಾನಿ ಒಂದು ವಾರ ಅವರೊಡನೆ ಸರಿಯಾಗಿ ಮಾತನಾಡಲಿಲ್ಲವಂತೆ. ಆದರೆ ಮನೆಗೆ ಯಾರೇ ಬಂದರೂ ಚಹಾ ಬರುವ ಮೊದಲು ಆ ಪೆಟ್ಟಿಗೆ ತೆರೆಯುತ್ತಿತ್ತು. ಚಿಕ್ಕಂದಿನಲ್ಲಿ ಅದನ್ನು ಮುಟ್ಟಿ ನೋಡಿದ ದಿನ ನನಗೆ ಹಬ್ಬದಂತಿತ್ತು.

ಮೇಷ್ಟ್ರಾದ ಮೇಲೆ ಒಮ್ಮೆ ನಮ್ಮ ಶಾಲೆಯ ಒಂಬತ್ತನೆಯ ತರಗತಿಯ ಐದಾರು ಮಕ್ಕಳನ್ನು ಅದನ್ನು ನೋಡಲು ಕರೆದುಕೊಂಡು ಹೋದೆ. ಎಲ್ಲರೂ ಬೆರಗಿನಿಂದ ನೋಡುತ್ತಿದ್ದರು. ಮಲೆನಾಡಿನ ಕಡೆಯಿಂದ ಬಂದು ನಮ್ಮಲ್ಲಿ ಓದುತ್ತಿದ್ದ ಒಬ್ಬ ಹುಡುಗ ಮಾತ್ರ ಹುಬ್ಬು ಗಂಟಿಕ್ಕಿ ನಿಂತಿದ್ದ. ಹೊರಗೆ ಬಂದ ಮೇಲೆ ಮೆಲ್ಲಗೆ ಕೇಳಿದ: "ಸರ್, ಇದರಲ್ಲಿ ಚಕಮಕಿ ಕಲ್ಲು ಹಿಡಿಯೋ ಜಾಗವೇ ಇಲ್ಲವಲ್ಲ? ನಮ್ಮೂರಲ್ಲಿ ಹಂದಿ ಕಾಯೋಕೆ ಇಟ್ಟಿರೋ ಕೇಪಿನ ಕೋವಿ ಹೀಗೇ ಇದೆ."

ಆ ರಾತ್ರಿ ನನಗೆ ನಿದ್ದೆ ಬರಲಿಲ್ಲ. ನಾನು ಉರ್ದು ಮತ್ತು ಕನ್ನಡ ಕಲಿಸುವವನು. ಇತಿಹಾಸ ನನ್ನ ಬಿ.ಎಡ್. ವಿಷಯವಲ್ಲ. ಆದರೂ ಹುಡುಗನ ಮಾತು ನಿಜವೆಂದು ತಿಳಿಯಲು ಹೆಚ್ಚು ಪುಸ್ತಕ ಬೇಕಾಗಲಿಲ್ಲ. ಟಿಪ್ಪು ಸುಲ್ತಾನರು ಮಡಿದದ್ದು 1799ರ ಮೇ 4ರಂದು. ಆ ಕಾಲದ ಕೋವಿಗಳಲ್ಲಿ ಚಕಮಕಿ ಕಲ್ಲು ಉಕ್ಕಿಗೆ ಬಡಿದು ಕಿಡಿ ಹಾರಿಸಿ ಮದ್ದಿಗೆ ಬೆಂಕಿ ಕೊಡುತ್ತಿತ್ತು. ಬಡಿದ ಕೂಡಲೇ ಉರಿಯುವ ರಾಸಾಯನಿಕವನ್ನು ಕೋವಿಗೆ ಬಳಸುವ ಉಪಾಯಕ್ಕೆ ಸ್ಕಾಟ್ಲೆಂಡಿನ ಪಾದ್ರಿ ಅಲೆಕ್ಸಾಂಡರ್ ಫೋರ್ಸಿತ್ ಹಕ್ಕುಪತ್ರ ಪಡೆದದ್ದು 1807ರಲ್ಲಿ. ಅದರಿಂದ ಹುಟ್ಟಿದ ತಾಮ್ರದ ಕೇಪು ಬಳಕೆಗೆ ಬಂದದ್ದು ಅದಕ್ಕೂ ತಡವಾಗಿ. ಅಂದ ಮೇಲೆ ಸುಲ್ತಾನರ ಕಾಲದ ಪಿಸ್ತೂಲಿಗೆ ಕೇಪು ಎಲ್ಲಿಂದ ಬರಬೇಕು? ನಳಿಗೆಯೊಳಗೆ ಕಡ್ಡಿ ಹಾಕಿ ನೋಡಿದರೆ ಒಂದು ಬೆರಳಿನಾಚೆ ರಂಧ್ರವೇ ಇರಲಿಲ್ಲ. ಮೇಲಿನ ಬರಹವನ್ನು ನಾನು ಅಷ್ಟು ವರ್ಷ "ಹಳೆಯ ಲಿಪಿ, ಆದ್ದರಿಂದ ಓದಲಾಗುತ್ತಿಲ್ಲ" ಎಂದುಕೊಂಡಿದ್ದೆ. ಅದು ಬರಹವೇ ಆಗಿರಲಿಲ್ಲ. ಬರಹದಂತೆ ಕಾಣುವ ಗೀರುಗಳು. ಉರ್ದು ಮೇಷ್ಟ್ರಾಗಿ ಅದನ್ನು ಮೊದಲೇ ಹೇಳಬೇಕಾದವನು ನಾನು.

ಮಾಮೂರವರಿಗೆ ಇದನ್ನು ಹೇಗೆ ಹೇಳಲಿ ಎಂಬ ಚಿಂತೆಯಲ್ಲೇ ನಾನು ನಕಲು ಪಿಸ್ತೂಲುಗಳ ಚರಿತ್ರೆಯನ್ನು ಓದತೊಡಗಿದೆ. ಓದುತ್ತಾ ಹೋದಂತೆ ನಕಲು ಎಂದರೆ ಮೋಸ ಎಂಬ ನನ್ನ ತಿಳಿವಳಿಕೆಯೇ ಅರ್ಧ ತಪ್ಪು ಎಂದು ಗೊತ್ತಾಯಿತು.

ನಕಲು ಎಂಬ ಮಾತು

ಪ್ರಿಯ ವಿದ್ಯಾರ್ಥಿಗಳೇ, ಪರೀಕ್ಷೆಯ ಕೋಣೆಯಲ್ಲಿ ನಕಲು ಎಂದರೆ ಅಪರಾಧ. ಆದರೆ ಅದೇ ಮಾತು ತಾಲ್ಲೂಕು ಕಚೇರಿಯಲ್ಲಿ ಗೌರವದ ಮಾತು. ಪಹಣಿಯ ನಕಲು, ತೀರ್ಪಿನ ನಕಲು ಬೇಕೆಂದು ನಾವು ಅರ್ಜಿ ಕೊಡುತ್ತೇವೆ, ಶುಲ್ಕ ಕಟ್ಟುತ್ತೇವೆ. ಅರಬ್ಬಿಯಲ್ಲಿ ಈ ಮಾತಿನ ಮೂಲಾರ್ಥ ಒಂದು ಕಡೆಯಿಂದ ಇನ್ನೊಂದು ಕಡೆಗೆ ಸಾಗಿಸುವುದು. ಒಬ್ಬರಿಂದ ಇನ್ನೊಬ್ಬರಿಗೆ ವಿದ್ಯೆಯನ್ನು ದಾಟಿಸುವುದೂ ನಕಲೇ. ಹಾಗಾದರೆ ಪರೀಕ್ಷೆಯ ನಕಲಿಗೂ ಕಚೇರಿಯ ನಕಲಿಗೂ ಏನು ಭೇದ? ಕಚೇರಿಯ ಪ್ರತಿಯ ಮೇಲೆ "ಇದು ನಕಲು" ಎಂಬ ಮೊಹರು ಇರುತ್ತದೆ, ಕೊಟ್ಟವರ ಸಹಿ ಇರುತ್ತದೆ, ತಾರೀಖು ಇರುತ್ತದೆ. ಇನ್ನೊಂದರಲ್ಲಿ ಇವು ಯಾವುವೂ ಇಲ್ಲ. ಇಷ್ಟು ನೆನಪಿಟ್ಟುಕೊಂಡು ಮುಂದಿನ ಕಥೆಯನ್ನು ಓದಿ.

ಹಡಗಿನಲ್ಲಿ ಕೆತ್ತಿದ ಮರದ ಪಿಸ್ತೂಲು

1830ರಲ್ಲಿ ಅಮೆರಿಕದ ಬಾಸ್ಟನ್ ಬಂದರಿನಿಂದ 'ಕೋರ್ವೊ' ಎಂಬ ಹಡಗು ನಮ್ಮ ಕಲ್ಕತ್ತೆಗೆ ಹೊರಟಿತು. ಅದರಲ್ಲಿ ಹದಿನಾರು ವರ್ಷದ ಒಬ್ಬ ಹುಡುಗನಿದ್ದ. ಹೆಸರು ಸ್ಯಾಮ್ಯುಯೆಲ್ ಕೋಲ್ಟ್. ಆ ಪ್ರಯಾಣದಲ್ಲಿ ಅವನು ಮರದ ತುಂಡುಗಳನ್ನು ಕೆತ್ತಿ, ಒಂದೇ ನಳಿಗೆಯ ಹಿಂದೆ ಸಿಲಿಂಡರು ತಿರುಗುತ್ತಾ ಒಂದಾದ ಮೇಲೊಂದು ಗುಂಡನ್ನು ಮುಂದಕ್ಕೆ ತರುವ ಪಿಸ್ತೂಲಿನ ಮಾದರಿ ಮಾಡಿದ. 1836ರಲ್ಲಿ ಅಮೆರಿಕದಲ್ಲಿ ಹಕ್ಕುಪತ್ರ ಸಿಕ್ಕಿತು. ನ್ಯೂಜೆರ್ಸಿಯ ಪ್ಯಾಟರ್ಸನ್ ಊರಿನಲ್ಲಿ ಕಾರ್ಖಾನೆ ತೆರೆಯಿತು. ಆದರೆ ವ್ಯಾಪಾರ ಕೈಹಿಡಿಯಲಿಲ್ಲ. 1842ರಲ್ಲಿ ಅದು ಮುಚ್ಚಿಹೋಯಿತು.

ಮೆಕ್ಸಿಕೋ ಯುದ್ಧ ಆರಂಭವಾದ 1846ರಲ್ಲಿ ಸ್ಯಾಮ್ಯುಯೆಲ್ ವಾಕರ್ ಎಂಬ ಕುದುರೆ ದಳದ ಕ್ಯಾಪ್ಟನ್ ಕೋಲ್ಟನೊಡನೆ ಪತ್ರವ್ಯವಹಾರ ನಡೆಸಿ, ಪಿಸ್ತೂಲನ್ನು ಹೇಗೆ ಸುಧಾರಿಸಬೇಕೆಂದು ಸಲಹೆ ಕೊಟ್ಟ. ಐದರ ಬದಲು ಆರು ಗುಂಡು, ಒಂಬತ್ತು ಅಂಗುಲದ ನಳಿಗೆ, ಎರಡು ಕಿಲೋ ಮೀರಿದ ತೂಕ. ಸೊಂಟಕ್ಕಿಂತ ಕುದುರೆಯ ಜೀನಿಗೆ ಕಟ್ಟಿಕೊಂಡು ಹೋಗಲು ತಕ್ಕದ್ದು. ಸರ್ಕಾರ 1,000 ಪಿಸ್ತೂಲುಗಳಿಗೆ ಬೇಡಿಕೆ ಕೊಟ್ಟಿತು. ಕೋಲ್ಟನಿಗೆ ಸ್ವಂತ ಕಾರ್ಖಾನೆ ಇಲ್ಲದ್ದರಿಂದ ಕನೆಕ್ಟಿಕಟ್‌ನಲ್ಲಿದ್ದ ವಿಟ್ನಿಯವರ ಕಾರ್ಖಾನೆಯಲ್ಲಿ 1847ರಲ್ಲಿ ಅವು ತಯಾರಾದವು. ಮಾರಾಟಕ್ಕೆಂದು ಮಾಡಿದ ಇನ್ನೂ 100 ಸೇರಿ ಒಟ್ಟು 1,100. ಅದೇ ವರ್ಷ ಅಕ್ಟೋಬರ್ 9ರಂದು ವಾಕರ್ ಮೆಕ್ಸಿಕೋದ ವಾಮಾಂತ್ಲಾ ಎಂಬ ಊರಿನಲ್ಲಿ ಹತನಾದ. ಅವನ ಹೆಸರು ಪಿಸ್ತೂಲಿನ ಮೇಲೆ ಉಳಿಯಿತು.

ಯುದ್ಧದಲ್ಲಿ ಹಾಳಾದವು, ಸಿಲಿಂಡರು ಸಿಡಿದು ಹೋದವು, ಕಳೆದುಹೋದವು ಎಲ್ಲ ಕಳೆದು ಉಳಿದ ವಾಕರ್ ಪಿಸ್ತೂಲುಗಳು ಬಹಳ ಕಡಿಮೆ. 2018ರಲ್ಲಿ ಅಂಥ ಒಂದು ಅಮೆರಿಕದ ಹರಾಜಿನಲ್ಲಿ 18 ಲಕ್ಷ 40 ಸಾವಿರ ಡಾಲರಿಗೆ ಹೋಯಿತು. ಇತಿಹಾಸದ ಮೇಷ್ಟ್ರಿಗಾಗಲಿ ಅವರ ವಿದ್ಯಾರ್ಥಿಗಾಗಲಿ ಅದನ್ನು ಕೈಯಲ್ಲಿ ಹಿಡಿದು ನೋಡುವ ಭಾಗ್ಯ ಎಲ್ಲಿಯದು? ಆದರೆ ಅದರ ತದ್ರೂಪವನ್ನು ಅಮೆರಿಕದಲ್ಲಿ ಕೆಲವೇ ನೂರು ಡಾಲರುಗಳಿಗೆ ಕೊಳ್ಳಬಹುದು. ಅದನ್ನು ತಯಾರಿಸುವವರು ಇರುವುದು ಅಮೆರಿಕದಲ್ಲಲ್ಲ, ಇಟಲಿಯಲ್ಲಿ.

ಗಾರ್ದೋನೆಯ ಕಮ್ಮಾರರು

ಇಟಲಿಯ ಬ್ರೆಶಾ ನಗರದ ಹತ್ತಿರ ವಾಲ್ ತ್ರೋಂಪಿಯಾ ಎಂಬ ಕಣಿವೆ ಇದೆ. ಕಬ್ಬಿಣದ ಗಣಿಗಳು, ಚಕ್ರ ತಿರುಗಿಸಲು ಮೆಲ್ಲಾ ನದಿಯ ನೀರು, ಕುಲುಮೆಗೆ ಕಾಡಿನ ಇದ್ದಿಲು ಮೂರೂ ಅಲ್ಲಿದ್ದವು. ಆದ್ದರಿಂದ ಅಲ್ಲಿನ ಗಾರ್ದೋನೆ ಊರು ಶತಮಾನಗಳಿಂದ ಕೋವಿಯ ನಳಿಗೆಗಳಿಗೆ ಹೆಸರಾಯಿತು. ಬೆರೆಟ್ಟಾ ಮನೆತನದ ಹಿರಿಯನೊಬ್ಬ 1526ರಲ್ಲಿ ವೆನಿಸ್ ರಾಜ್ಯಕ್ಕೆ 185 ನಳಿಗೆಗಳನ್ನು ಮಾರಿದ ದಾಖಲೆ ಇಂದಿಗೂ ಇದೆ.

1950ರ ದಶಕದ ಕೊನೆಯಲ್ಲಿ ವಾಲ್ ಫೋರ್ಜೆಟ್ ಎಂಬ ಅಮೆರಿಕದ ವ್ಯಾಪಾರಿ ಈ ಕಣಿವೆಯ ಕುಶಲಕರ್ಮಿಗಳಿಂದ 1851ರ ಕೋಲ್ಟ್ 'ನೇವಿ' ಪಿಸ್ತೂಲಿನ ತದ್ರೂಪಗಳನ್ನು ಮಾಡಿಸಿದ. ಅದೇ ಹೆಸರಿನಿಂದ ತನ್ನ ಕಂಪನಿಗೆ 'ನೇವಿ ಆರ್ಮ್ಸ್' ಎಂದು ಹೆಸರಿಟ್ಟ. ಕಾಲವೂ ಕೂಡಿಬಂತು. ಅಮೆರಿಕದ ಅಂತರ್ಯುದ್ಧಕ್ಕೆ 1961ರಲ್ಲಿ ನೂರು ವರ್ಷ ತುಂಬಿತು. ಹಳೆಯ ಸಮವಸ್ತ್ರ ತೊಟ್ಟು ಯುದ್ಧಗಳನ್ನು ಅಭಿನಯಿಸಿ ತೋರಿಸುವ ಹವ್ಯಾಸ ಹಬ್ಬಿತು. ಅಭಿನಯಕ್ಕೆ ನೂರು ವರ್ಷದ ಅಸಲು ಕೋವಿಯನ್ನು ಕೆಸರಿಗೆ ಒಯ್ಯುವವರು ಯಾರು? ಇಟಲಿಯ ತದ್ರೂಪಗಳಿಗೆ ಬೇಡಿಕೆ ಬಂತು. ಪೆದೆರ್ಸೋಲಿ ಕಾರ್ಖಾನೆ 1957ರಲ್ಲಿ, ಉಬೆರ್ತಿ ಕಾರ್ಖಾನೆ 1959ರಲ್ಲಿ ಹುಟ್ಟಿದಂಥವು. ಇಟಲಿಯಲ್ಲೇ ತಯಾರಾದ ಕೌಬಾಯ್ ಸಿನಿಮಾಗಳೂ ಇವೇ ಪಿಸ್ತೂಲುಗಳನ್ನು ಬಳಸಿಕೊಂಡವು. 1968ರಲ್ಲಿ ಅಮೆರಿಕ ಬಂದೂಕಿನ ಕಾಯ್ದೆಯನ್ನು ಬಿಗಿಗೊಳಿಸಿದಾಗ, ಮದ್ದು ಮತ್ತು ಗುಂಡನ್ನು ಬೇರೆ ಬೇರೆ ತುಂಬುವ ಇಂಥ ಹಳೆಯ ಮಾದರಿಗಳನ್ನು ಅದರಿಂದ ಹೊರಗಿಟ್ಟಿತು. ಸಂಗ್ರಹಕಾರರ ಸಂಖ್ಯೆ ಇನ್ನಷ್ಟು ಬೆಳೆಯಿತು. ಕೊನೆಗೆ 1971ರಲ್ಲಿ ಕೋಲ್ಟ್ ಕಂಪನಿಯೇ ಇಟಲಿಯ ಬಿಡಿಭಾಗಗಳನ್ನು ತರಿಸಿಕೊಂಡು ತನ್ನ ಹಳೆಯ 'ನೇವಿ'ಯನ್ನು ಮತ್ತೆ ಹೊರತಂದಿತು. ಈಗ ಆ ನಕಲುಗಳನ್ನೂ ಹುಡುಕಿ ಕೂಡಿಡುವವರಿದ್ದಾರೆ.

ಈ ಹವ್ಯಾಸ ಬರೀ ಶೋಕಿಯಲ್ಲ. ಹಿಡಿದು ನೋಡಿದಾಗ ಮಾತ್ರ ತಿಳಿಯುವ ಸಂಗತಿಗಳಿವೆ. ವಾಕರ್ ಪಿಸ್ತೂಲಿನ ನಳಿಗೆಯ ಕೆಳಗೆ ಗುಂಡನ್ನು ಒತ್ತಿ ಕೂರಿಸುವ ಒಂದು ಸನ್ನೆ ಇದೆ. ಗುಂಡು ಹಾರಿಸಿದ ಅದುರಿಗೆ ಅದು ಕೆಳಗೆ ಜಾರಿ ಸಿಲಿಂಡರನ್ನು ತಿರುಗದಂತೆ ಮಾಡುತ್ತದೆ. ತದ್ರೂಪವನ್ನು ಬಳಸುವವರೂ ಇಂದು ಇದೇ ಕಾಟದಿಂದ ಆ ಸನ್ನೆಯನ್ನು ಚರ್ಮದ ದಾರದಿಂದ ಕಟ್ಟುತ್ತಾರೆ. 1848ರಿಂದ ಬಂದ ಮುಂದಿನ ಮಾದರಿಯಲ್ಲಿ ಕೋಲ್ಟ್ ಆ ಸನ್ನೆಯ ತುದಿಗೆ ಕೊಂಡಿ ಹಾಕಿದ್ದು ಏಕೆ ಎಂದು ಅವರಿಗೆ ಪುಸ್ತಕ ಹೇಳಬೇಕಾಗಿಲ್ಲ.

ಮೊಹರಿನ ಮಾತು

ನನಗೆ ಎಲ್ಲಕ್ಕಿಂತ ಹಿಡಿಸಿದ್ದು ಗಾರ್ದೋನೆಯ ಮೊಹರುಗಳು. ಅಲ್ಲಿ ತಯಾರಾದ ಪ್ರತಿಯೊಂದು ಕೋವಿಯನ್ನೂ ಸರ್ಕಾರಿ ಪರೀಕ್ಷಾ ಕೇಂದ್ರದಲ್ಲಿ ಹೆಚ್ಚು ಮದ್ದು ತುಂಬಿ ಹಾರಿಸಿ ನೋಡುತ್ತಾರೆ. ಸಿಡಿಯದೆ ಉಳಿದರೆ ಉಕ್ಕಿನ ಮೇಲೆ ಮುದ್ರೆ ಒತ್ತುತ್ತಾರೆ. ಕಪ್ಪು ಮದ್ದಿನ ಕೋವಿಗೆ 'ಪಿಎನ್' ಎಂಬ ಅಕ್ಷರಗಳು. ಇಟಲಿಯ ಮಾತಿನಲ್ಲಿ ಕಪ್ಪು ಮದ್ದು ಎಂಬುದರ ಮೊದಲ ಅಕ್ಷರಗಳು ಅವು. ಪಕ್ಕದ ಚೌಕದಲ್ಲಿ ಪರೀಕ್ಷೆಯಾದ ವರ್ಷದ ಗುರುತು. 1974ರವರೆಗೆ ರೋಮನ್ ಅಂಕಿಗಳಿದ್ದವು, 1975ರಿಂದ ಜೋಡಿ ಅಕ್ಷರಗಳು ಬಂದವು. 'ಎಎ' ಎಂದರೆ 1975, 'ಎಬಿ' ಎಂದರೆ 1976. ಪಿಸ್ತೂಲು ನೋಡಲು 1847ರದ್ದು. ಆದರೆ ತಾನು ಹುಟ್ಟಿದ ವರ್ಷವನ್ನು ಅದು ಮೈಮೇಲೆ ಬರೆದುಕೊಂಡಿದೆ. ಕಚೇರಿಯ ನಕಲು ಪ್ರತಿಯ ಮೊಹರಿನಂತೆಯೇ.

ಇದೇ ಗಾರ್ದೋನೆಯಲ್ಲಿ ಇದಕ್ಕೆ ತದ್ವಿರುದ್ಧವಾದ ಹಳೆಯ ಕಥೆಯೂ ಇದೆ. 17ನೆಯ ಶತಮಾನದಲ್ಲಿ ಅಲ್ಲಿನ ಲಜಾರಿನೊ ಕೊಮಿನಾಜ್ಜೊ ಎಂಬ ಕುಶಲಿಯ ಹಗುರವಾದ, ಗಟ್ಟಿಯಾದ ನಳಿಗೆಗಳು ಯುರೋಪಿನಲ್ಲೆಲ್ಲ ಪ್ರಸಿದ್ಧವಾಗಿದ್ದವು. ಹೆಸರು ಬೆಳೆದಂತೆ ಬೇರೆಯವರು ತಮ್ಮ ನಳಿಗೆಗಳ ಮೇಲೆ ಅವನ ಹೆಸರನ್ನೇ ಕೊರೆದು ಮಾರಿದರು. ಆದ್ದರಿಂದ ಇಂದು ಆ ಹೆಸರಿರುವ ನಳಿಗೆ ಸಿಕ್ಕರೆ ತಜ್ಞರು ಮೊದಲು ಅನುಮಾನದಿಂದಲೇ ನೋಡುತ್ತಾರೆ. ಬೆಳ್ಳಗಿರುವುದೆಲ್ಲ ಹಾಲಲ್ಲ. ನಾಲ್ಕು ನೂರು ವರ್ಷದ ಆ ನಳಿಗೆ ಹಳೆಯದೇ, ಆದರೆ ಮೋಸ. 1975ರ ವಾಕರ್ ಹೊಸದು, ಆದರೆ ಪ್ರಾಮಾಣಿಕ. ಯಾರಾದರೂ ಆ ಚೌಕದ ಮುದ್ರೆಯನ್ನು ಅರದಿಂದ ಉಜ್ಜಿ ಅಳಿಸಿ, ಆಮ್ಲ ಹಚ್ಚಿ ತುಕ್ಕು ಹಿಡಿಸಿ ಅಸಲೆಂದು ಮಾರಿದರೆ ಅದೇ ಪಿಸ್ತೂಲು ಆ ಕ್ಷಣಕ್ಕೆ ಮೋಸವಾಗುತ್ತದೆ.

ನಕಲು ಹೇಳದ ಸಂಗತಿಗಳು

ತದ್ರೂಪಗಳನ್ನು ನಂಬುವಾಗಲೂ ಎಚ್ಚರ ಬೇಕು. ಅಸಲು ಕೋಲ್ಟ್ 'ನೇವಿ'ಯ ನಳಿಗೆಯ ರಂಧ್ರ ಅಂಗುಲದ ನೂರರಲ್ಲಿ 36 ಭಾಗ, ಚೌಕಟ್ಟು ಕಬ್ಬಿಣದ್ದು. ಆದರೆ ಅಂಗಡಿಗಳಲ್ಲಿ ಹಿತ್ತಾಳೆಯ ಚೌಕಟ್ಟಿನ, 44 ಭಾಗ ರಂಧ್ರದ '1851ರ ನೇವಿ' ಸಿಗುತ್ತದೆ. ಅಂಥದ್ದೊಂದು 1851ರಲ್ಲಿ ಇರಲೇ ಇಲ್ಲ! ಕೊಳ್ಳುವವರಿಗೆ ಹಿಡಿಸುತ್ತದೆಂದು ಮಾಡಿದ್ದು ಅದು. ಇನ್ನೊಂದು ಕಡೆ, 1847ರ ವಾಕರ್‌ಗಳು ಸಿಡಿದದ್ದಕ್ಕೆ ಆಗಿನ ಲೋಹದ ದೋಷವೂ ಕಾರಣ. ಇಂದಿನ ಒಳ್ಳೆಯ ಉಕ್ಕಿನ ತದ್ರೂಪ ಹಿಡಿದವನಿಗೆ ಅಂದಿನ ಸವಾರನ ಭಯ ತಿಳಿಯುವುದಿಲ್ಲ.

ಹಿತ್ತಾಳೆ ಚೌಕಟ್ಟಿನ ಪಿಸ್ತೂಲುಗಳಲ್ಲಿ ನಿಜವಾಗಿಯೂ ಇದ್ದದ್ದು ಗ್ರಿಸ್ವೋಲ್ಡ್ ಮತ್ತು ಗನ್ನಿಸನ್ ಅವರದು. ಅಂತರ್ಯುದ್ಧದಲ್ಲಿ ದಕ್ಷಿಣದ ರಾಜ್ಯಗಳಿಗೆ ಕೋಲ್ಟ್ ಪಿಸ್ತೂಲು ಸಿಗುವುದು ನಿಂತಾಗ, ಜಾರ್ಜಿಯಾದಲ್ಲಿ 1862ರಿಂದ 1864ರವರೆಗೆ ಈ ನಕಲನ್ನು ತಯಾರಿಸಿದರು. ಕಬ್ಬಿಣ, ಉಕ್ಕಿನ ಅಭಾವದಿಂದ ಹಿತ್ತಾಳೆ ಬಳಸಿದರು. ಮೂರೂವರೆ ಸಾವಿರಕ್ಕೂ ಸ್ವಲ್ಪ ಹೆಚ್ಚು ತಯಾರಾದವು. 1864ರ ನವೆಂಬರಿನಲ್ಲಿ ಉತ್ತರದ ಸೇನೆ ಕಾರ್ಖಾನೆಯನ್ನು ಸುಟ್ಟಿತು. ಇಂದು ಸಿಗುವುದು ಆ ನಕಲಿನ ನಕಲು. ಥಳಥಳ ಹೊಳೆಯುವ ಆ ಹಿತ್ತಾಳೆ ಒಂದು ಸಂಗತಿಯನ್ನು ಹೇಳುವುದಿಲ್ಲ: ಅಸಲು ಪಿಸ್ತೂಲನ್ನು ಮಾಡಿದ ಕೆಲಸಗಾರರಲ್ಲಿ ಬಹುಪಾಲು ಜನ ಕರಿಯ ಗುಲಾಮರು. ತಮ್ಮನ್ನು ಗುಲಾಮಗಿರಿಯಲ್ಲೇ ಉಳಿಸಲು ನಡೆದ ಯುದ್ಧಕ್ಕೆ ಆಯುಧ ಮಾಡಿಕೊಡುವ ಕೆಲಸ ಅವರ ಕೈಗೆ ಬಿತ್ತು. ಆಕಾರವನ್ನು ಅಚ್ಚು ಒತ್ತಬಹುದು, ಇದನ್ನು ಒತ್ತಲಾಗದು. ಅದಕ್ಕೆ ಪುಸ್ತಕ ಬೇಕು, ಮೇಷ್ಟ್ರು ಬೇಕು.

ನಮ್ಮ ಪಟ್ಟಣದ ಪಿಸ್ತೂಲುಗಳು

ಈಗ ನಮ್ಮ ಮನೆಯ ಕಥೆಗೆ ಬರೋಣ. ಶ್ರೀರಂಗಪಟ್ಟಣದಲ್ಲಿ ನಿಜಕ್ಕೂ ಒಳ್ಳೆಯ ಪಿಸ್ತೂಲುಗಳು ತಯಾರಾಗುತ್ತಿದ್ದವು. ಚಕಮಕಿಯ ಯಂತ್ರ, ಹುಲಿಯ ಮುಖ ಮತ್ತು ಹುಲಿಪಟ್ಟೆಯ ಅಲಂಕಾರ, ಪಾರಸಿಯಲ್ಲಿ ಊರಿನ ಹೆಸರು, ಸುಲ್ತಾನರು ಜಾರಿಗೆ ತಂದ ಮೌಲೂದಿ ಶಕೆಯ ವರ್ಷ. ಕೆಲವು ಜೋಡಿಗಳಲ್ಲಿ ಒಂದರ ಯಂತ್ರ ಬಲಕ್ಕೆ, ಇನ್ನೊಂದರದ್ದು ಎಡಕ್ಕೆ, ಕನ್ನಡಿಯಲ್ಲಿ ಕಂಡಂತೆ. ಅಲ್ಲೂ ನಕಲು ಇತ್ತು. ವಿದ್ಯೆ ಸಾಗಿಸುವ ನಕಲು. 1788ರಲ್ಲಿ ಫ್ರಾನ್ಸಿನ ದೊರೆಯ ಬಳಿಗೆ ಹೋದ ಸುಲ್ತಾನರ ರಾಯಭಾರಿಗಳು ಕೇಳಿದ್ದು ಸೈನ್ಯವನ್ನು ಮಾತ್ರವಲ್ಲ, ಕುಶಲಕರ್ಮಿಗಳನ್ನೂ. ವಿದ್ಯೆ ಇಲ್ಲಿಂದ ಅಲ್ಲಿಗೂ ಹೋಯಿತು: ಮೈಸೂರಿನ ರಾಕೆಟ್ಟುಗಳನ್ನು ನೋಡಿಯೇ ಇಂಗ್ಲೆಂಡಿನ ವಿಲಿಯಂ ಕಾಂಗ್ರೀವ್ 1804ರ ಹೊತ್ತಿಗೆ ತನ್ನ ರಾಕೆಟ್ಟುಗಳ ಪ್ರಯೋಗಕ್ಕೆ ತೊಡಗಿದ.

1799ರಲ್ಲಿ ಕೋಟೆ ಬಿದ್ದ ಮೇಲೆ ಆ ಆಯುಧಗಳು ಲೂಟಿಯಾಗಿ ಸಮುದ್ರ ದಾಟಿದವು. 2015ರ ಏಪ್ರಿಲ್ 21ರಂದು ಲಂಡನ್ನಿನ ಬೊನಾಮ್ಸ್ ಹರಾಜಿನಲ್ಲಿ, ಅಸದ್ ಖಾನ್ ಮುಹಮ್ಮದ್ ಎಂಬ ನಮ್ಮ ಪಟ್ಟಣದ ಕುಶಲಿ ಮಾಡಿದ ಬೇಟೆಯ ಕೋವಿಯೊಂದು 7,22,500 ಪೌಂಡಿಗೆ ಮಾರಾಟವಾಯಿತು. 2023ರ ಮೇ ತಿಂಗಳಲ್ಲಿ ಸುಲ್ತಾನರ ಶಯನಾಗಾರದ ಖಡ್ಗ 1 ಕೋಟಿ 40 ಲಕ್ಷ ಪೌಂಡು ದಾಟಿತು. ಅಸದ್ ಖಾನರ ಹೆಸರು ಲಂಡನ್ನಿನ ಹರಾಜಿನ ಪಟ್ಟಿಯಲ್ಲಿದೆ, ನಮ್ಮ ಮಕ್ಕಳ ಬಾಯಲ್ಲಿಲ್ಲ. ಮಾಮೂರಂಥವರು ಮೋಸ ಹೋಗುವುದು ಈ ಹಸಿವಿನಿಂದಲೇ. ನೋಡಲು ಅಸಲೂ ಇಲ್ಲ, ತಿಳಿಯಲು ಒಳ್ಳೆಯ ನಕಲೂ ಇಲ್ಲ. ಆ ಜಾಗದಲ್ಲಿ ಅಂಗಡಿಯವನ ಮಾತು ಬಂದು ಕೂರುತ್ತದೆ.

ಒಳ್ಳೆಯ ನಕಲು ಮಾಡುವ ಕೈಗಳು ನಮ್ಮಲ್ಲಿಲ್ಲವೇ? ಭಾರತದಲ್ಲಿ ತಯಾರಾದ ಚಕಮಕಿ ಕೋವಿಗಳ ತದ್ರೂಪಗಳು ಅಮೆರಿಕ, ಕೆನಡಾಗಳ ಯುದ್ಧಾಭಿನಯದ ತಂಡಗಳಿಗೆ ಹೋಗುತ್ತಿವೆ. ಎಷ್ಟೋ ಬಾರಿ ಮದ್ದಿಗೆ ಬೆಂಕಿ ಮುಟ್ಟಿಸುವ ರಂಧ್ರವನ್ನೇ ಕೊರೆಯದೆ. ಬ್ರಿಟಿಷ್ ಸಿಪಾಯಿಯ ಕೋವಿಯನ್ನು ಹೀಗೆ ಮಾಡುವವರಿಗೆ ಪಟ್ಟಣದ ಪಿಸ್ತೂಲಿನ ಹಾರದ ಮಾದರಿಯನ್ನು, "ನಕಲು" ಎಂಬ ಮೊಹರಿನೊಂದಿಗೆ, ಶಾಲೆಗಳಿಗಾಗಿ ಮಾಡಿಕೊಡುವುದು ಕಷ್ಟವೇ?

ವಿದ್ಯಾರ್ಥಿಗಳಿಗೆ ಒಂದು ಎಚ್ಚರಿಕೆಯ ಮಾತು. ಅಮೆರಿಕದ ಕಾಯ್ದೆ ನಮ್ಮದಲ್ಲ. ನಮ್ಮಲ್ಲಿ ಹಾರಿಸಬಲ್ಲ ಪಿಸ್ತೂಲು ಹಳೆಯ ಮಾದರಿಯದಾದರೂ 1959ರ ಶಸ್ತ್ರಾಸ್ತ್ರ ಕಾಯ್ದೆಗೆ ಒಳಪಡುತ್ತದೆ, ಪರವಾನಗಿ ಬೇಕು. ದುರಸ್ತಿ ಮಾಡಿದರೂ ಹಾರಿಸಲಾಗದ ಪುರಾತನ ಆಯುಧಕ್ಕೆ ಮಾತ್ರ ವಿನಾಯಿತಿ. ನೂರು ವರ್ಷ ಮೀರಿದ ಅಸಲು ವಸ್ತುವಾದರೆ 1972ರ ಪ್ರಾಚ್ಯವಸ್ತು ಕಾಯ್ದೆಯೂ ಇದೆ. ಕೊಳ್ಳುವ ಮೊದಲು ಕೇಳಿ ತಿಳಿಯಿರಿ.

ಪೆಟ್ಟಿಗೆಯೊಳಗಿನ ಚೀಟಿ

ಮಾಮೂರವರಿಗೆ ನಾನು ಕೊನೆಗೂ ಹೇಳಿದೆ. ಅವರು ಬಹಳ ಹೊತ್ತು ಮಾತನಾಡಲಿಲ್ಲ. ಎರಡು ತಿಂಗಳು ಆ ಪೆಟ್ಟಿಗೆಯ ಮೇಲೆ ಬಟ್ಟೆ ಮುಚ್ಚಿತ್ತು. ನಾನು ಆ ಮನೆಗೆ ಹೋಗಲು ಹಿಂಜರಿಯುತ್ತಿದ್ದೆ. ಒಂದು ದಿನ ಅವರೇ ಫೋನ್ ಮಾಡಿ ಕರೆದರು. ಹೋದರೆ ಬಟ್ಟೆ ತೆಗೆದಿತ್ತು, ಮೇಜಿನ ಮೇಲೆ ಒಂದು ಬಿಳಿಯ ರಟ್ಟು ಮತ್ತು ನನ್ನ ಕಲಂ ಇಟ್ಟಿದ್ದರು. "ನಿನ್ನ ಅಕ್ಷರ ಚೆನ್ನಾಗಿದೆ ಬೇಟಾ, ಎರಡು ಭಾಷೆಯಲ್ಲೂ ಬರಿ" ಎಂದರು. ಅವರು ಹೇಳಿದರು, ನಾನು ಬರೆದೆ: "ಇದು ನಕಲು. 1999ರಲ್ಲಿ ಕೊಂಡದ್ದು. ಸುಲ್ತಾನರ ಕಾಲದ ಪಿಸ್ತೂಲಿಗೆ ಕೇಪು ಇರಲಿಲ್ಲ, ಚಕಮಕಿ ಕಲ್ಲು ಇತ್ತು."

ಈಗಲೂ ಮನೆಗೆ ಬಂದವರಿಗೆ ಮಾಮೂ ಆ ಪೆಟ್ಟಿಗೆಯನ್ನು ತೆರೆದು ತೋರಿಸುತ್ತಾರೆ. ಚಕಮಕಿ ಹೇಗೆ ಕೆಲಸ ಮಾಡುತ್ತಿತ್ತು, ಕೇಪು ಯಾವಾಗ ಬಂತು ಎಂದು ಮಕ್ಕಳಿಗೆ ಬಿಡಿಸಿ ಹೇಳುತ್ತಾರೆ. ಮೊದಲು ಎರಡು ನಿಮಿಷದಲ್ಲಿ ಮುಗಿಯುತ್ತಿದ್ದ ಮಾತು ಈಗ ಅರ್ಧ ಗಂಟೆ ನಡೆಯುತ್ತದೆ. ಆ ಮಲೆನಾಡಿನ ಹುಡುಗ ರಜೆಯಲ್ಲಿ ಊರಿಗೆ ಹೋಗಿ ಬರುವಾಗ ಹಲಸಿನ ಮರದಲ್ಲಿ ಚಕಮಕಿ ಪಿಸ್ತೂಲಿನ ಯಂತ್ರದ ಒಂದು ಮಾದರಿ ಕೆತ್ತಿ ತಂದ. ಕುದುರೆ ಎಳೆದರೆ ಮೇಲಿನ ಸುತ್ತಿಗೆ ಬೀಳುತ್ತದೆ. ಕಲ್ಲಿನ ಬದಲು ಹುಣಸೆ ಬೀಜ ಸಿಕ್ಕಿಸಿದ್ದಾನೆ. ಹಿಡಿಯ ಕೆಳಗೆ ತನ್ನ ಹೆಸರು, ತರಗತಿ, ತಾರೀಖು ಕೊರೆದಿದ್ದಾನೆ. ಅದು ನಮ್ಮ ಶಾಲೆಯ ಬೀರುವಿನಲ್ಲಿದೆ. ಬಂದವರು ಕೇಳಿ ನೋಡಬಹುದು.